ಟೈಮ್ ಮಷಿನ್ ಕಥೆ: ಇಸವಿ ಒತ್ತಿದರೆ ಸಾಕಾ, ಇನ್ನೇನು ಕಂಟ್ರೋಲ್ ಬೇಕು?

ಹಿನ್ನೀರು ಹುಡುಗ, ಕೊಪ್ಪಳ

ಎಲ್ಲರಿಗೂ ನಮಸ್ಕಾರ. ಒಂದು ಕಥೆ ಬರೆಯುತ್ತಿದ್ದೇನೆ, ಅರ್ಧಕ್ಕೆ ನಿಂತಿದೆ. ಸ್ವಲ್ಪ ತಲೆ ಓಡಿಸಿ ಕೊಡಿ.

ಕಥೆ ಇಷ್ಟು. ಗಂಗಾವತಿಯಲ್ಲಿ ಮುಚ್ಚಿಹೋದ ಒಂದು ಅಕ್ಕಿ ಗಿರಣಿ. ಅದರೊಳಗೆ ಒಬ್ಬ ಮೆಕ್ಯಾನಿಕ್ ಟೈಮ್ ಮಷಿನ್ ಕಟ್ಟುತ್ತಾನೆ. ಅವನ ಅಜ್ಜಿಯ ತವರೂರು ತುಂಗಭದ್ರಾ ಡ್ಯಾಮ್ ಕಟ್ಟಿದಾಗ ಮುಳುಗಡೆಯಾದ ಊರು, ಕೊಪ್ಪಳದ ಕಡೆಯ ದಂಡೆಯಲ್ಲಿ ಇದ್ದದ್ದು. ಊರಿನ ಹೆಸರು ನಾನೇ ಇಟ್ಟುಕೊಂಡಿದ್ದೇನೆ, ಅದು ಬಿಡಿ. ಬೇಸಿಗೆಯಲ್ಲಿ ಹಿನ್ನೀರು ಇಳಿದು ನೆಲ ಬಿರುಕು ಬಿಟ್ಟಾಗ ಅವನು ಮಷಿನನ್ನು ಬಾಡಿಗೆ ಟ್ರ್ಯಾಕ್ಟರಿನ ಟ್ರೇಲರ್ ಮೇಲೆ ಹೇರಿಕೊಂಡು ಆ ಜಾಗಕ್ಕೆ ಹೋಗುತ್ತಾನೆ. ಅಲ್ಲಿಂದ 1944ಕ್ಕೆ. ಅಂದ್ರೆ ಡ್ಯಾಮಿಗೆ ಅಡಿಗಲ್ಲು ಹಾಕುವುದಕ್ಕೆ ಒಂದು ವರ್ಷ ಮೊದಲು. ಅಜ್ಜಿಯ ಮದುವೆ ನೋಡಬೇಕು, ಊಟ ಮಾಡಬೇಕು, ವಾಪಸ್ ಬರಬೇಕು. ಅಷ್ಟೇ.

ನಿಂತಿರುವುದು ಎಲ್ಲಿ ಅಂದ್ರೆ, ಮೆಕ್ಯಾನಿಕ್‌ನನ್ನು ಸೀಟಿನಲ್ಲಿ ಕೂರಿಸಿದ್ದೇನೆ, ಅವನ ಕೈಗೆ ಏನು ಕೊಡಬೇಕು ಅಂತ ಗೊತ್ತಾಗುತ್ತಿಲ್ಲ. ಸದ್ಯಕ್ಕೆ ನಾಲ್ಕು ಅಂಕಿಯ ಒಂದು ಡಯಲ್, ಒಂದು ಹಸಿರು ಬಟನ್ ಇದೆ. ಓದಿದ ಗೆಳೆಯ ‘ಇದೇನೋ ಎಟಿಎಂ ಇದ್ದಂಗೆ ಇದೆಯಲ್ಲೋ’ ಅಂದ. ಮಾಟಮಂತ್ರದ ಹಾಗೆ ಕಾಣಬಾರದು, ಹಾಗಂತ ಓದುವವರಿಗೆ ಪಾಠ ಮಾಡಿದ ಹಾಗೂ ಇರಬಾರದು. ನೀವಾಗಿದ್ದರೆ ಏನೇನು ಇಡುತ್ತಿದ್ದಿರಿ?

---

ಶಕ್ತಿನಗರ ಶಿಫ್ಟ್, ರಾಯಚೂರು

ಮೊದಲು ಕರೆಂಟ್ ಎಲ್ಲಿಂದ ತರುತ್ತಾನೆ ಹೇಳಪ್ಪ. ಕಂಟ್ರೋಲ್ ಆಮೇಲೆ.

1985ರ ಆ ಅಮೆರಿಕದ ಸಿನಿಮಾ ‘ಬ್ಯಾಕ್ ಟು ದ ಫ್ಯೂಚರ್’ನ ಟೈಮ್ ಮಷಿನ್ ಕಾರಿಗೆ 1.21 ಗಿಗಾವ್ಯಾಟ್ ಬೇಕಿತ್ತು, ನೆನಪಿದೆಯಾ? ನಮ್ಮ ಲೆಕ್ಕದಲ್ಲಿ 1210 ಮೆಗಾವ್ಯಾಟ್. ನಮ್ಮ ರಾಯಚೂರು ಥರ್ಮಲ್ ಸ್ಥಾವರ ಆರ್‌ಟಿಪಿಎಸ್‌ನಲ್ಲಿ 210 ಮೆಗಾವ್ಯಾಟಿನ ಏಳು ಯೂನಿಟ್, 250ರದ್ದು ಒಂದು, ಒಟ್ಟು 1720. ಅಂದ್ರೆ 210ರ ಆರು ಯೂನಿಟ್ ಪೂರ್ತಿ ಲೋಡಿನಲ್ಲಿ ಓಡಿಸಿ ಅಷ್ಟನ್ನೂ ನಿಮ್ಮ ಹೀರೋನ ಟ್ರೇಲರಿಗೆ ಕೊಡಬೇಕು. ಆರೂ ಯೂನಿಟ್ ಒಟ್ಟಿಗೆ ಪೂರ್ತಿ ಲೋಡಿನಲ್ಲಿ ಓಡುವುದೇ ಒಂದು ಸೈನ್ಸ್ ಫಿಕ್ಷನ್, ಆ ಮಾತು ಬೇರೆ. ತಮಾಷೆ ಅಂದ್ರೆ ನಮ್ಮ ಮೊದಲನೇ ಯೂನಿಟ್ ಶುರುವಾದದ್ದೂ 1985ರಲ್ಲೇ.

ಆದರೆ ಒಂದು ವಿಷಯ ತುಂಬಾ ಜನ ಮರೆಯುತ್ತಾರೆ. ಗಿಗಾವ್ಯಾಟ್ ಅನ್ನುವುದು ಎಷ್ಟು ಜೋರಾಗಿ ಕೊಡಬೇಕು ಅನ್ನುವ ಲೆಕ್ಕ, ಒಟ್ಟು ಎಷ್ಟು ಕೊಡಬೇಕು ಅನ್ನುವುದಲ್ಲ. ಒಂದೇ ಸೆಕೆಂಡ್ ಸಾಕು ಅಂತಾದರೆ 1.21 ಗಿಗಾವ್ಯಾಟ್ ಅಂದ್ರೆ ಮೀಟರಿನಲ್ಲಿ ಬರೀ 336 ಯೂನಿಟ್. ಮನೆಯ ಎರಡು ಮೂರು ತಿಂಗಳ ಬಿಲ್ಲು! ಗಿರಣಿಯ 40 ಎಚ್‌ಪಿ ಮೋಟಾರ್ ಹನ್ನೊಂದು ತಾಸು ಎಳೆಯುವಷ್ಟು. ಕಷ್ಟ ಇರುವುದು ಕೂಡಿಡುವುದರಲ್ಲಿ ಅಲ್ಲ, ಕೂಡಿಟ್ಟದ್ದನ್ನು ಒಂದು ಸೆಕೆಂಡಿನಲ್ಲಿ ಬಿಡುವುದರಲ್ಲಿ. ಅದನ್ನು ಹೇಗೆ ಬಿಡುತ್ತಾನೆ ಅನ್ನುವುದೇ ನಿಮ್ಮ ಕಲ್ಪನೆಯ ಭಾಗ. ಉಳಿದದ್ದು ನಿಜ ಲೆಕ್ಕ ಇರಲಿ, ಓದುವವನು ನಂಬುತ್ತಾನೆ.

ಹಾಗಾಗಿ ನನ್ನ ಮೊದಲ ಕಂಟ್ರೋಲ್: ಚಾರ್ಜ್ ಮೀಟರ್. ಎರಡು ಮುಳ್ಳು ಇರಲಿ. ಒಂದು ಹೋಗುವುದಕ್ಕೆ, ಒಂದು ಬರುವುದಕ್ಕೆ. 1944ರಲ್ಲಿ ಆ ಹಳ್ಳಿಯಲ್ಲಿ ಯಾವ ಪ್ಲಗ್ಗಿಗೆ ಚುಚ್ಚುತ್ತಾನೆ? ವಾಪಸ್ ಬರುವ ಚಾರ್ಜ್ ಇಲ್ಲಿಂದಲೇ ಹೊತ್ತುಕೊಂಡು ಹೋಗಬೇಕು. ಅಲ್ಲಿ ಆಸೆಗೆ ಬಿದ್ದು ಇನ್ನೊಂದು ವರ್ಷ ಹಿಂದಕ್ಕೆ ಜಿಗಿದರೆ ಮುಗೀತು, ಅಲ್ಲೇ ಹೊಲ ಗೇಯಬೇಕು.

ಆ ಕಾರಿಗೆ ಗಂಟೆಗೆ 88 ಮೈಲಿ ವೇಗ ಬೇರೆ ಬೇಕಿತ್ತು. ಅಂದ್ರೆ ಸುಮಾರು 142 ಕಿಲೋಮೀಟರ್. ಹಿನ್ನೀರಿನ ಒಣ ಹೂಳಿನ ಮೇಲೆ ಟ್ರೇಲರ್ ಕಟ್ಟಿಕೊಂಡು ಅದನ್ನು ಮಾತ್ರ ಪ್ರಯತ್ನಿಸಬೇಡಿ.

---

ಸಿರುಗುಪ್ಪ ಮೇಷ್ಟ್ರು

ಕಂಟ್ರೋಲ್ ಏನಿಡಬೇಕು ಅಂತ ಕೇಳುವ ಮೊದಲು ಮಷಿನ್ ಯಾವ ಜಾತಿಯದು ಅಂತ ತೀರ್ಮಾನ ಮಾಡಿ. ಎರಡು ಇವೆ. ಒಂದು ಜಾರುವ ಮಷಿನ್, ಇನ್ನೊಂದು ಜಿಗಿಯುವ ಮಷಿನ್.

1895ರಲ್ಲಿ ಎಚ್. ಜಿ. ವೆಲ್ಸ್ ಬರೆದ ಕಾದಂಬರಿಯಲ್ಲಿ ಇರುವುದು ಜಾರುವ ಮಷಿನ್. ಅದು ಇದ್ದ ಜಾಗದಲ್ಲೇ ಇರುತ್ತದೆ, ನಡುವಿನ ಪ್ರತಿಯೊಂದು ದಿನವನ್ನೂ ದಾಟಿಕೊಂಡೇ ಹೋಗುತ್ತದೆ, ಹಗಲು ರಾತ್ರಿ ಪಟಪಟ ಅಂತ ಬದಲಾಗುತ್ತವೆ. ನಿಮ್ಮ ಹೀರೋ ಆ ತರದ್ದರಲ್ಲಿ ಹಿನ್ನೀರಿನಿಂದ ಹೊರಟರೆ ಏನಾಗುತ್ತದೆ ಯೋಚಿಸಿ. ಹಿಂದಕ್ಕೆ ಹೋಗುವ ಪ್ರತಿ ವರ್ಷವೂ ಮಳೆಗಾಲದಲ್ಲಿ ಡ್ಯಾಮ್ ತುಂಬಿರುತ್ತದೆ. 1953ರವರೆಗೂ ಇದೇ ಗೋಳು. ಎಪ್ಪತ್ತು ಸಲ ನೀರು ಅವನ ಮೈಮೇಲೆ ಹತ್ತಿ ಇಳಿಯುತ್ತದೆ. ಓದಲು ಚೆನ್ನಾಗಿರುತ್ತದೆ, ಆದರೆ ಅವನು ಯಾಕೆ ನೆನೆಯಲಿಲ್ಲ ಅಂತ ನೀವು ಉತ್ತರ ಕೊಡಬೇಕು.

ಜಿಗಿಯುವ ಮಷಿನ್ ಆದರೆ ನಡುವಿನದು ಬೇಡ. ಈ ತುದಿ, ಆ ತುದಿ ಅಷ್ಟೇ. ಆದರೆ ಆ ತುದಿಯಲ್ಲಿ ಏನಿದೆ ಅಂತ ಮೊದಲೇ ಗೊತ್ತಿರಬೇಕು. ವೆಲ್ಸ್‌ನ ಪ್ರಯಾಣಿಕನಿಗೂ ಇದೇ ಭಯ ಇತ್ತು: ನಿಲ್ಲಿಸಿದ ಕ್ಷಣ ಅದೇ ಜಾಗದಲ್ಲಿ ಬೇರೇನಾದರೂ ಇದ್ದರೆ ಗತಿ ಏನು ಅಂತ. ಲಂಡನ್ ಹತ್ತಿರದವನಿಗೆ ಅದು ಬರೀ ಭಯ. ನಿಮ್ಮವನಿಗೆ ಖಾತ್ರಿ. ಯಾಕೆ ಅಂದ್ರೆ ಹೂಳು.

ಡ್ಯಾಮ್ ಕಟ್ಟಿದಾಗ 133 ಟಿಎಂಸಿ ಹಿಡಿಯುತ್ತಿತ್ತು, ಈಗ 105ರ ಆಸುಪಾಸು. ಉಳಿದ ಜಾಗದಲ್ಲಿ ಕೂತಿರುವುದು ಹೂಳು. ಅಂದ್ರೆ ಇವತ್ತಿನ ನೆಲ 1944ರ ನೆಲಕ್ಕಿಂತ ಮೇಲಿದೆ. ಆ ಜಾಗದಲ್ಲಿ ಹೂಳು ಎರಡಾಳು ಇದೆ ಅಂತಿಟ್ಟುಕೊಳ್ಳಿ. ಇಲ್ಲಿಂದ ಹಿಂದಕ್ಕೆ ಜಿಗಿದರೆ ಹೀರೋ ಗಾಳಿಯಲ್ಲಿ ಪ್ರತ್ಯಕ್ಷ ಆಗುತ್ತಾನೆ, ಎರಡಾಳು ಎತ್ತರದಿಂದ ಮಷಿನ್ ಸಮೇತ ಧೊಪ್ಪಂತ ಬೀಳುತ್ತಾನೆ. ಬಹುಶಃ ಮದುವೆ ಚಪ್ಪರದ ಮೇಲೆ. ಅದಾದರೂ ಪರವಾಗಿಲ್ಲ. ವಾಪಸ್ ಬರುವಾಗ ಅದೇ ಎತ್ತರ ಇಟ್ಟರೆ ಸೀದಾ ಹೂಳಿನ ಒಳಗೇ. ಅದಕ್ಕೇ ಇಸವಿಯ ಪಕ್ಕದಲ್ಲೇ ಎತ್ತರದ ಹಿಡಿ ಬೇಕು, ಅಡಿ ಇಂಚು ಗುರುತು ಹಾಕಿದ್ದು.

ಇನ್ನೊಂದು, ಇದು ಎಲ್ಲಕ್ಕಿಂತ ಮುಖ್ಯ. ನಿಮ್ಮ ಡಯಲ್ಲಿನಲ್ಲಿ ನಾಲ್ಕು ಅಂಕಿಯ ಇಸವಿ ಇದೆ, ತಿಂಗಳು ಇಲ್ಲ! ಈ ಕಥೆಯಲ್ಲಿ ಇಸವಿ ತಪ್ಪಿದರೆ ನಷ್ಟ ಇಲ್ಲ. 1944ರ ಬದಲು 1934ಕ್ಕೆ ಹೋದರೂ ಊರು ಇರುತ್ತದೆ, ಯಾರದೋ ಮದುವೆ ನಡೆದಿರುತ್ತದೆ. ಬರುವಾಗ ತಿಂಗಳು ತಪ್ಪಿದರೆ ಸಾವು. ಮೇ ತಿಂಗಳಿಗೆ ಬರಬೇಕಾದವನು ಸೆಪ್ಟೆಂಬರ್‌ಗೆ ಬಂದರೆ ತುಂಬಿದ ಡ್ಯಾಮಿನ ತಳದಲ್ಲಿ ಕಣ್ಣು ಬಿಡುತ್ತಾನೆ. ಕಥೆಯ ಉಸಿರು ಕಟ್ಟುವ ಜಾಗ ಇದೇ. ತಿಂಗಳಿನ ಮುಳ್ಳನ್ನು ಸಡಿಲ ಮಾಡಿ ಇಡಿ, ತಾನಾಗೇ ಜರುಗುವ ಹಾಗೆ.

---

ಹಿನ್ನೀರು ಹುಡುಗ, ಕೊಪ್ಪಳ

ಮೇಷ್ಟ್ರೇ, ಕಾಲಿಗೆ ಬಿದ್ದೆ. ಸಡಿಲ ಮುಳ್ಳು ಕಥೆಗೆ ಸೇರಿತು ಅಂತಲೇ ತಿಳಿಯಿರಿ. ಜಿಗಿಯುವ ಮಷಿನ್ನೇ ಇರಲಿ.

ಒಂದು ಡೌಟ್. ಭೂಮಿ ಸುತ್ತುತ್ತಾ ಇರುತ್ತದೆ ಅಲ್ವಾ. ಇವನು ಜಿಗಿದು ಬರುವ ಹೊತ್ತಿಗೆ ಭೂಮಿ ಎಲ್ಲೋ ಹೋಗಿರುವುದಿಲ್ಲವಾ? ಇಂಥ ಕಥೆ ಬಂದಾಗಲೆಲ್ಲ ಯಾರಾದರೂ ಒಬ್ಬರು ಇದನ್ನು ಎತ್ತಿಯೇ ಎತ್ತುತ್ತಾರೆ.

---

ಸಿರುಗುಪ್ಪ ಮೇಷ್ಟ್ರು

ಎತ್ತಲಿ ಬಿಡಿ. ಭೂಮಿ ಸೂರ್ಯನ ಸುತ್ತ ಸೆಕೆಂಡಿಗೆ 30 ಕಿಲೋಮೀಟರ್ ಓಡುತ್ತದೆ, ನಮ್ಮ ಬಳ್ಳಾರಿ ಸೀಮೆ ಭೂಮಿಯ ತಿರುಗಾಟದಲ್ಲೇ ಗಂಟೆಗೆ 1600 ಕಿಲೋಮೀಟರಿನ ಮೇಲೆ ಓಡುತ್ತದೆ. ನಿಜ. ಆದರೆ ‘ಮಷಿನ್ ಇದ್ದಲ್ಲೇ ಉಳಿಯುತ್ತದೆ, ಭೂಮಿ ಮುಂದೆ ಹೋಗುತ್ತದೆ’ ಅನ್ನುವವರಿಗೆ ಒಂದೇ ಪ್ರಶ್ನೆ ಕೇಳಿ: ಇದ್ದಲ್ಲೇ ಅಂದ್ರೆ ಯಾವುದಕ್ಕೆ ಹೋಲಿಸಿ? ಸೂರ್ಯನಿಗಾ, ಆಕಾಶಗಂಗೆಗಾ? ಐನ್‌ಸ್ಟೈನ್ 1905ರಲ್ಲೇ ಹೇಳಿದ್ದು ಇದೇ, ವಿಶ್ವದಲ್ಲಿ ಅಲ್ಲಾಡದೆ ನಿಂತ ಗೂಟ ಅಂತ ಯಾವುದೂ ಇಲ್ಲ. ಮಷಿನ್ ನೆಲಕ್ಕೆ ಅಂಟಿಕೊಂಡೇ ಇರುತ್ತದೆ ಅಂತ ಬರೆದರೆ ಬೇರೆ ಯಾವ ಆಯ್ಕೆಗಿಂತಲೂ ಅದು ಹೆಚ್ಚು ಸುಳ್ಳಲ್ಲ. ಮುಳುಗಡೆ ಊರಿನ ಒಂದು ಹಳೇ ಬಂಡೆಗೆ ಸರಪಳಿ ಹಾಕಿ ಬಿಗಿಯಲಿ. ಬಂಡೆ 1944ರಲ್ಲೂ ಅಲ್ಲೇ ಇತ್ತು. ಭಾರತದ ನೆಲವೇ ವರ್ಷಕ್ಕೆ ಸುಮಾರು 5 ಸೆಂಟಿಮೀಟರ್ ಉತ್ತರದ ಕಡೆ ಸರಿಯುತ್ತಿದೆ, 80 ವರ್ಷಕ್ಕೆ 4 ಮೀಟರ್. ಬಂಡೆಗೆ ಕಟ್ಟಿದರೆ ಆ ಲೆಕ್ಕವೂ ಬೇಡ.

---

ಕೋಟೆ ಕೆಳಗಿನವ, ಬಳ್ಳಾರಿ

ನೀವೆಲ್ಲ ಮಷಿನ್ ಬಗ್ಗೆ ಇಷ್ಟು ತಲೆ ಕೆಡಿಸಿಕೊಂಡಿದ್ದೀರಿ, ಇಳಿದ ಮೇಲೆ ಏನು ಮಾಡುತ್ತಾನೆ ಅಂತ ಯಾರೂ ಕೇಳಲಿಲ್ಲ.

ಮೊದಲು ದಿನ. ಅಜ್ಜಿ ಯಾವತ್ತಾದರೂ ‘1944 ಮೇ ಇಂಥ ತಾರೀಕು ನನ್ನ ಮದುವೆ’ ಅಂತ ಹೇಳಿರುತ್ತಾಳಾ? ತಾರಣ ಸಂವತ್ಸರ, ವೈಶಾಖ ಮಾಸ ಅಂತಿರುತ್ತಾಳೆ. ಡಯಲ್ಲಿನಲ್ಲಿ ಸಂವತ್ಸರ ಇಟ್ಟು ನೋಡಿ, ಮಜಾ ಇದೆ. ಅರವತ್ತು ವರ್ಷಕ್ಕೊಮ್ಮೆ ಅದೇ ಹೆಸರು ಬರುತ್ತದೆ. ತಾರಣ ಅಂದ್ರೆ 1884, 1944, 2004. ಮಷಿನ್ ಯಾವುದನ್ನು ಹಿಡಿಯಬೇಕು? 2004ಕ್ಕೆ ಹೋದರೆ ಹೂಳು, 1884ಕ್ಕೆ ಹೋದರೆ ಅಜ್ಜಿಯ ಅಜ್ಜಿ. ಶಾಸನಗಳಲ್ಲಿ ಸುಮ್ನೆ ಸಂವತ್ಸರ ಬರೆದು ಬಿಡದೆ ಶಕ ವರ್ಷವನ್ನೂ ಕೆತ್ತಿಸುತ್ತಿದ್ದದ್ದು ಎಷ್ಟು ಅನುಕೂಲ ನೋಡಿ.

ಆಮೇಲೆ ದುಡ್ಡು. ಮಹಾತ್ಮ ಗಾಂಧಿ ಚಿತ್ರದ ಐನೂರರ ನೋಟು ತೆಗೆದರೆ ಕಥೆ ಅಲ್ಲಿಗೇ ಮುಗಿಯುತ್ತದೆ. ಆಗ ಗಾಂಧೀಜಿ ಜೈಲಿನಿಂದ ಬಿಡುಗಡೆಯಾದ ಹೊಸತು, 1944ರ ಮೇ 6ಕ್ಕೆ ಬಿಟ್ಟರು. ಬ್ರಿಟಿಷ್ ಇಂಡಿಯಾದ ರೂಪಾಯಿ ಇಟ್ಟುಕೊಂಡರೂ ಸಾಲದು. ಕೊಪ್ಪಳದ ಕಡೆ ನಿಜಾಮರ ಸೀಮೆ, ಸಾಲಾರ್ ಜಂಗ್ ಅವರ ಜಾಗೀರು. ಅಲ್ಲಿ ನಡೆಯುತ್ತಿದ್ದದ್ದು ನಿಜಾಮರದೇ ನಾಣ್ಯ, ಹಾಲಿ ಸಿಕ್ಕಾ. ಬ್ರಿಟಿಷ್ ಆರು ರೂಪಾಯಿಗೆ ಹಾಲಿ ಏಳು. ಹೊಳೆಯ ಈಚೆ ದಂಡೆ ಬಳ್ಳಾರಿ ಜಿಲ್ಲೆ, ಮದ್ರಾಸ್ ಪ್ರಾಂತ್ಯ. ಹೊಳೆ ದಾಟಿದರೆ ಬೇರೆ ರಾಜ್ಯ, ಬೇರೆ ನಾಣ್ಯ, ಕಚೇರಿಯಲ್ಲಿ ಬೇರೆ ಭಾಷೆ. ಡ್ಯಾಮಿಗೂ 1945ರ ಫೆಬ್ರವರಿ 28ಕ್ಕೆ ಎರಡೂ ದಂಡೆಯಲ್ಲಿ ಬೇರೆ ಬೇರೆ ಅಡಿಗಲ್ಲು ಹಾಕಿದರು, ಆಚೆ ನಿಜಾಮರ ಮಗ, ಈಚೆ ಮದ್ರಾಸ್ ಗವರ್ನರ್.

ಅದೂ ಎಂಥ ವರ್ಷ ಆರಿಸಿದ್ದೀರಿ ಮಾರಾಯರೇ. ಮಹಾಯುದ್ಧ ನಡೆಯುತ್ತಿದೆ. ಕಬ್ಬಿಣದ ಪೆಟ್ಟಿಗೆಯಲ್ಲಿ ಕೂತು ಆಕಾಶದಿಂದ ಬಿದ್ದವನನ್ನು ‘ಬಾ ಅಳಿಯ’ ಅಂತಾರಾ? ಜಪಾನಿನ ಗೂಢಚಾರ ಅಂತ ಹಿಡಿಯುತ್ತಾರೆ. ಈಚೆ ದಂಡೆಯಲ್ಲಿ ಸಿಕ್ಕಿಬಿದ್ದರೆ ಅಲ್ಲೀಪುರ ಜೈಲು ಹತ್ತಿರದಲ್ಲೇ ಇದೆ, ಸ್ವಾತಂತ್ರ್ಯ ಹೋರಾಟಗಾರರ ಸಹವಾಸವಾದರೂ ಸಿಗುತ್ತದೆ.

ಮೇಲಿನವರು ವೆಲ್ಸ್ ಅಂದರಲ್ಲ, ಅದರಲ್ಲಿ ಒಂದು ಒಳ್ಳೆ ಉಪಾಯ ಇದೆ. ಇಳಿದ ಕೂಡಲೇ ಹಿಡಿಕೆಗಳನ್ನು ತಿರುಗಿಸಿ ಬಿಚ್ಚಿ ಜೇಬಿಗೆ ಹಾಕಿಕೊಳ್ಳುತ್ತಾನೆ. ಮಷಿನ್ ಯಾರು ಎಳೆದುಕೊಂಡು ಹೋದರೂ ಓಡಿಸುವುದಕ್ಕೆ ಬರುವುದಿಲ್ಲ. ನಿಮ್ಮ ಹೀರೋನೂ ಎತ್ತರದ ಹಿಡಿ ಬಿಚ್ಚಿ ಪಂಚೆಯ ಗಂಟಿಗೆ ಕಟ್ಟಿಕೊಳ್ಳಲಿ.

---

ಬರೀ ಪ್ರಶ್ನೆ, ಹೊಸಪೇಟೆ

ಎಲ್ಲ ಸರಿ. ಆದರೆ ಹಿಂದಕ್ಕೆ ಹೋಗುವುದು ಆಗುವ ಮಾತಲ್ಲ. ಮುಂದಕ್ಕೆ ಹೋಗುವುದು ಮಾತ್ರ ನಿಜ, ಅದು ದಿನಾ ನಡೆಯುತ್ತಲೇ ಇದೆ. ನಿಮ್ಮ ಫೋನಿನ ಮ್ಯಾಪಿಗೆ ಸಿಗ್ನಲ್ ಕೊಡುವ ಜಿಪಿಎಸ್ ಉಪಗ್ರಹಗಳ ಗಡಿಯಾರ ನೆಲದ ಗಡಿಯಾರಕ್ಕಿಂತ ದಿನಕ್ಕೆ 38 ಮೈಕ್ರೋಸೆಕೆಂಡ್ ಮುಂದೆ ಓಡುತ್ತದೆ. ಅದನ್ನು ಸರಿ ಮಾಡದೆ ಬಿಟ್ಟರೆ ಒಂದೇ ದಿನದಲ್ಲಿ ಲೊಕೇಶನ್ ಕಿಲೋಮೀಟರ್‌ಗಟ್ಟಲೆ ತಪ್ಪುತ್ತದೆ.

ಹಿಂದಕ್ಕೆ ಹೋಗಬಹುದಾ ಅಂತ ಕಾಗದದ ಮೇಲೆ ಲೆಕ್ಕ ಹಾಕಿದವರಿದ್ದಾರೆ. 1988ರಲ್ಲಿ ಭೌತವಿಜ್ಞಾನಿ ಕಿಪ್ ಥಾರ್ನ್ ಮತ್ತು ಜೊತೆಯವರು ವರ್ಮ್‌ಹೋಲ್, ಅಂದ್ರೆ ಎರಡು ದೂರದ ಜಾಗಗಳನ್ನು ಸೇರಿಸುವ ಸುರಂಗದಂಥದ್ದು, ಬಳಸಿ ಒಂದು ದಾರಿ ತೋರಿಸಿದರು. ಆದರೆ ಅದರಲ್ಲಿ ಒಂದು ಷರತ್ತು ಇದೆ, ಆ ದಾರಿ ಶುರುವಾದ ದಿನಕ್ಕಿಂತ ಹಿಂದಕ್ಕೆ ಹೋಗುವಂತಿಲ್ಲ. ಗಂಗಾವತಿಯಲ್ಲಿ ಈಗ ಕಟ್ಟಿದ ಮಷಿನ್ 1944ಕ್ಕೆ ಹೋಗುವುದು ಆ ಲೆಕ್ಕದಲ್ಲೂ ಆಗುವುದಿಲ್ಲ.

ಇನ್ನೊಂದು. 2024ರ ಆಗಸ್ಟ್ 10ರ ರಾತ್ರಿ ಡ್ಯಾಮಿನ 19ನೇ ಗೇಟಿನ ಚೈನ್ ತುಂಡಾಗಿ ಗೇಟ್ ಕೊಚ್ಚಿಹೋಯಿತಲ್ಲ. ಇಂಥ ಮಷಿನ್ ಇದ್ದವನು ಹಿಂದಿನ ದಿನಕ್ಕೆ ಹೋಗಿ ಹೇಳುತ್ತಿರಲಿಲ್ಲವಾ? ಹೇಳಿದ ಅನ್ನಿ. ಚೈನ್ ಬದಲಾಯಿಸಿದರು, ಗೇಟ್ ಉಳಿಯಿತು. ಗೇಟ್ ಹೋಗಲೇ ಇಲ್ಲ ಅಂದಮೇಲೆ ಇವನು ಯಾಕೆ ಹೊರಟ? ಹೊರಡದಿದ್ದರೆ ಹೇಳಿದವರು ಯಾರು? ಈ ಗಂಟು ಬಿಡಿಸದೆ ಕಥೆ ಬರೆಯಬೇಡಿ.

---

ಶಕ್ತಿನಗರ ಶಿಫ್ಟ್, ರಾಯಚೂರು

ಹೇಳಿದ ಅಂತಲೇ ಇಟ್ಟುಕೊಳ್ಳಿ. ಬೀದಿಯಲ್ಲಿ ಹೋಗುವ ಒಬ್ಬ ಗ್ರೀಸ್ ಮೆತ್ತಿದ ಮೆಕ್ಯಾನಿಕ್ ಬಂದು ‘ಸಾಹೇಬ್ರೆ, ನಾಳೆ ರಾತ್ರಿ ಚೈನ್ ಕಿತ್ತುಹೋಗುತ್ತದೆ’ ಅಂದರೆ ನಂಬುವವರು ಯಾರು? ಗಂಟು ಅಲ್ಲೇ ಬಿಚ್ಚಿತು. 33 ಗೇಟಿನಲ್ಲಿ ಸರಿಯಾಗಿ 19ನೆಯದು ಅಂತ ಹೇಗೆ ಹೇಳಿದ ಅಂತ ಆಮೇಲೆ ಅವನನ್ನೇ ಹುಡುಕುತ್ತಾರೆ. ಇದು ಬೇರೆಯೇ ಕಥೆ ಆಯಿತು, ನೀವು ಬರೆಯದಿದ್ದರೆ ನಾನು ಬರೆಯುತ್ತೇನೆ.

ವರ್ಮ್‌ಹೋಲ್ ಷರತ್ತು ಮಾತ್ರ ನನಗೆ ಇಷ್ಟವಾಯಿತು. ಅದನ್ನು ಅಡ್ಡಿ ಅಂತ ಯಾಕೆ ನೋಡಬೇಕು? ಮಷಿನಿನ ಆ ತುದಿ 1944ರಲ್ಲಿ ಮೊದಲೇ ಇತ್ತು ಅನ್ನಿ. ಯಾರೋ ಇಟ್ಟು ಹೋಗಿದ್ದರು. ಅಜ್ಜಿಯ ಊರಿನವರು ಅದು ಏನು ಅಂತ ತಿಳಿಯದೆ ಅರಿಶಿನ ಕುಂಕುಮ ಹಚ್ಚಿ ಕಟ್ಟೆ ಕಟ್ಟಿದ್ದರು.

ವಿಷಯ ಬಿಟ್ಟು ಒಂದು ಮಾತು. ನನಗೆ ಆ ಮಷಿನ್ ಸಿಕ್ಕರೆ ಮದುವೆ ಊಟಕ್ಕೆ ಹೋಗುವುದಿಲ್ಲ. 1294ಕ್ಕೆ ಹೋಗುತ್ತೇನೆ. ರಾಯಚೂರು ಕೋಟೆಯ ಗೋಡೆಯಲ್ಲಿ 41 ಅಡಿ ಉದ್ದದ ಒಂದೇ ಕಲ್ಲು ಇದೆ, ಶಾಸನ ಇರುವ ಕಲ್ಲು. ಹತ್ತಿರದ ಇನ್ನೊಂದು ಕಲ್ಲಿನ ಮೇಲೆ ಆ ಕಲ್ಲನ್ನು ಹೇಗೆ ತಂದರು ಅಂತ ಗೆರೆ ಚಿತ್ರ ಕೊರೆದಿದ್ದಾರೆ. ಉದ್ದಕ್ಕೂ ಜೋಡಿ ಜೋಡಿ ಕೋಣಗಳು, ಬಂಡಿ, ಗಾಲಿಗೆ ಸನ್ನೆಕೋಲು ಕೊಟ್ಟು ಮೀಟುವ ಜನ. ಗಾಲಿಯ ಹತ್ತಿರ ಇರುವವರ ಕಷ್ಟ ಕಂಡಾಗೆಲ್ಲ ಯಾವುದೋ ಸೈಟಿನ ಫೋಟೋ ನೋಡಿದ ಹಾಗೆ ಅನ್ನಿಸುತ್ತದೆ, ಒಬ್ಬ ಎಳೆಯುತ್ತಿರುತ್ತಾನೆ, ನಾಲ್ವರು ಹೇಳುತ್ತಿರುತ್ತಾರೆ. ಆ ಗಾಲಿಯ ಅಚ್ಚು ಅಷ್ಟು ಭಾರ ಹೇಗೆ ತಡೆಯಿತು ಅನ್ನುವುದನ್ನು ನಾನು ನೋಡಬೇಕು. ಈ ಸೀಮೆಯಿಂದ ಹಿಂದಕ್ಕೆ ಹೋಗುವವರೆಲ್ಲ ಕೃಷ್ಣದೇವರಾಯನ ಆಸ್ಥಾನಕ್ಕೇ ಹೋಗುತ್ತಾರೆ, 1991ರ ಆ ತೆಲುಗು ಸಿನಿಮಾ ‘ಆದಿತ್ಯ 369’ರಿಂದ ಶುರುವಾಯಿತು. ಅಲ್ಲಿ ಈಗ ಜಾಗ ಇರಲಿಕ್ಕಿಲ್ಲ.

---

ಹಿನ್ನೀರು ಹುಡುಗ, ಕೊಪ್ಪಳ

ಕಟ್ಟೆ ಕಟ್ಟಿ ಕುಂಕುಮ ಹಚ್ಚಿದ ಮಷಿನ್! ಇದನ್ನು ಕದಿಯುತ್ತೇನೆ, ಬೈಯಬೇಡಿ.

ಸದ್ಯಕ್ಕೆ ಹೀಗೆ ಮಾಡಿದ್ದೇನೆ. ಎತ್ತರದ ಹಿಡಿ, ಬಿಚ್ಚಿಕೊಳ್ಳಲು ಬರುತ್ತದೆ. ತಿಂಗಳಿನ ಸಡಿಲ ಮುಳ್ಳು. ಎರಡು ಮುಳ್ಳಿನ ಚಾರ್ಜ್ ಮೀಟರ್. ಹಸಿರು ಬಟನ್ ಕಿತ್ತು ಬಿಸಾಕಿದೆ. ಬಂಡೆಗೆ ಸರಪಳಿ. ಸರಪಳಿಯ ಇನ್ನೊಂದು ತುದಿ 1944ರಲ್ಲಿ ಅದೇ ಬಂಡೆಗೆ ಮೊದಲೇ ಬಿಗಿದಿರುತ್ತದೆ, ತುಕ್ಕು ಹಿಡಿಯದೆ. ಯಾರು ಕಟ್ಟಿದರು ಅಂತ ಹೇಳುವುದಿಲ್ಲ.

ಗಂಟೆಯ ಮುಳ್ಳು ಬೇಕಾ? ಮುಹೂರ್ತಕ್ಕೆ ಸರಿಯಾಗಿ ಹೋಗಬೇಕಲ್ಲ.

---

ಸಿರುಗುಪ್ಪ ಮೇಷ್ಟ್ರು

ಬೇಕು, ಹುಷಾರಾಗಿ ಇಡಿ. ಯುದ್ಧದ ಕಾರಣಕ್ಕೆ ಬ್ರಿಟಿಷ್ ಇಂಡಿಯಾದಲ್ಲಿ 1942ರ ಸೆಪ್ಟೆಂಬರ್‌ನಿಂದ 1945ರ ಅಕ್ಟೋಬರ್‌ವರೆಗೆ ಗಡಿಯಾರ ಒಂದು ಗಂಟೆ ಮುಂದಿಟ್ಟಿದ್ದರು. ಈಚೆ ದಂಡೆಯ ರೈಲ್ವೆ ಗಡಿಯಾರ ನೋಡಿ ಹೊರಟರೆ ಲೆಕ್ಕ ತಪ್ಪುತ್ತದೆ. ಊರ ಜೋಯಿಸರು ಗಡಿಯಾರ ನೋಡುವವರಲ್ಲ, ಸೂರ್ಯೋದಯದಿಂದ ಗಳಿಗೆ ಎಣಿಸುವವರು. ಕೊಪ್ಪಳದ ಸೂರ್ಯ ನಮ್ಮ ಇವತ್ತಿನ ಗಡಿಯಾರಕ್ಕಿಂತ 25 ನಿಮಿಷ ಹಿಂದೆ, ಹೆಚ್ಚು ಕಡಿಮೆ ಒಂದು ಗಳಿಗೆ. ತಾಳಿ ಕಟ್ಟುವುದನ್ನು ನೋಡಬೇಕು ಅಂದ್ರೆ ಬೆಳಗಾಗುವ ಮೊದಲೇ ಇಳಿದು ಕಾಯಲಿ. ಊಟ ಮಾತ್ರ ಸಾಕು ಅಂದ್ರೆ ಯಾವಾಗ ಬಂದರೂ ನಡೆಯುತ್ತದೆ.

---

ಕೋಟೆ ಕೆಳಗಿನವ, ಬಳ್ಳಾರಿ

ಎಲ್ಲ ಆಯಿತು, ಆ ಬಾಡಿಗೆ ಟ್ರ್ಯಾಕ್ಟರಿನವನು ಎಲ್ಲಿ? ಹೀರೋ ಅಲ್ಲಿ ಮೂರು ದಿನ ಮದುವೆ ಉಂಡು, ಹೊರಟ ಅದೇ ನಿಮಿಷಕ್ಕೆ ವಾಪಸ್ ಬಂದರೆ ಡ್ರೈವರ್ ಲೆಕ್ಕದಲ್ಲಿ ಅವನು ಹೋಗೇ ಇಲ್ಲ, ಗಡ್ಡ ಮಾತ್ರ ಬಂದಿದೆ. ಬಾಡಿಗೆ ಒಂದು ಟ್ರಿಪ್ಪಿನದ್ದಾ, ಮೂರು ದಿನದ್ದಾ? ಇದನ್ನು ಮೊದಲೇ ಮಾತಾಡಿಕೊಳ್ಳುವುದಕ್ಕೆ ಹೇಳಿ.